ತಲೆ ಇವನದು, ಮೈ ಹೀರೋದು

ನನ್ನ ಅಂಗಡಿಯ ಕಂಪ್ಯೂಟರ್‌ನಲ್ಲಿ 'ರಗಡ್' ಅಂತ ಒಂದು ಫೋಲ್ಡರ್ ಇದೆ. ಒಳಗೆ ಹೊಗೆ, ಬೆಂಕಿ ಕಿಡಿ, ಒಡೆದ ಗಾಜು, ತುಕ್ಕು ಹಿಡಿದ ಸರಪಳಿ, ಮಳೆ, ಕಾಗೆ. ಬಾಯಿ ತೆರೆದ ಸಿಂಹಗಳು ಹನ್ನೊಂದು. ರಕ್ತ ಚಿಮ್ಮಿದ ಹಾಗಿರುವ ಚಿತ್ರಗಳೇ ಇಪ್ಪತ್ತಾರು. ಪಕ್ಕದಲ್ಲಿರುವ ಫೋಲ್ಡರ್ 'ನಾಮಕರಣ'. ಅದರಲ್ಲಿ ತೊಟ್ಟಿಲು, ಬಲೂನು, ಬೆಣ್ಣೆ ಕೃಷ್ಣ. ಒಂದ್ಸಲ ಅವಸರದಲ್ಲಿ ರಗಡ್‌ನ ಕಿಡಿಗಳು ಒಂದು ನಾಮಕರಣದ ಫ್ಲೆಕ್ಸ್‌ಗೆ ಹೋಗಿಬಿಟ್ಟವು. ತಪ್ಪಾಯ್ತು, ಮತ್ತೆ ಮಾಡಿಕೊಡ್ತೀನಿ ಅಂದೆ. ಮಗುವಿನ ಅಪ್ಪ ನೋಡಿ, "ಇರ್ಲಿ ಬಿಡಣ್ಣಾ, ಖಡಕ್ಕಾಗೈತೆ" ಅಂದ.

ಕೋಲಾರದಲ್ಲಿ ಫ್ಲೆಕ್ಸ್ ಅಂಗಡಿ ಇಟ್ಟು ಹದಿನಾಲ್ಕು ವರ್ಷ ಆಯಿತು. 2016ರ ಮಾರ್ಚ್‌ನಲ್ಲಿ ಸರ್ಕಾರ ಪ್ಲಾಸ್ಟಿಕ್ ಕವರ್ ಜೊತೆ ಫ್ಲೆಕ್ಸನ್ನೂ ನಿಷೇಧ ಮಾಡಿತು. ಆಮೇಲೆ ಏನಾಯಿತು ಅಂತ ಕ್ಲಾಕ್ ಟವರ್ ಹತ್ತಿರ ನಿಂತು ತಲೆ ಎತ್ತಿದರೆ ಕಾಣಿಸುತ್ತದೆ. ನಾನು ಆ ವಿಷಯ ಜಾಸ್ತಿ ಮಾತಾಡೋದು ಸರಿಯಲ್ಲ, ಅಲ್ವಾ.

ನನ್ನ ಗೆಳೆಯನೊಬ್ಬ ಕಾಲೇಜಿನಲ್ಲಿ ಇಂಗ್ಲಿಷ್ ಮೇಷ್ಟ್ರು. ಪುಸ್ತಕ ತಂದುಕೊಡುವವನೂ ಅವನೇ. ಪ್ರಿಂಟ್ ಓಡುವಾಗ ಮಷೀನ್ ಬಿಟ್ಟು ಹೋಗೋ ಹಾಗಿಲ್ಲ, ಹಾಗಾಗಿ ನಾನು ಓದುತ್ತೀನಿ. ಅವನು ಹೋದ ವಾರ ಕೇಳಿದ, "ಈ ರೌಡಿ ಪಿಚ್ಚರ್ ನೋಡಿ ಹುಡುಗರು ನಿಜವಾಗ್ಲೂ ಕೆಡ್ತಾರೇನೋ?" ಟೀ ಮುಗಿಯುವವರೆಗೂ ನನಗೆ ಉತ್ತರ ಹೊಳೆಯಲಿಲ್ಲ. ರಾತ್ರಿ ಹೊಳೆಯಿತು. ಮಚ್ಚು ಬೀಸೋದು ಯಾವ ಊರಲ್ಲೂ ಯಾರಿಗೂ ಹೇಳಿಕೊಡಬೇಕಾಗಿಲ್ಲ. ಬೀಸದೇನೇ ಬೀಸಿದವನ ಹಾಗೆ ಕಾಣೋದು ಹೇಗೆ, ಅದನ್ನು ಸಿನಿಮಾ ಕಲಿಸುತ್ತದೆ. ಕಲಿತವರು ಚದರ ಅಡಿಗೆ ಹನ್ನೆರಡು ರೂಪಾಯಿ ಹಿಡಿದು ನನ್ನ ಹತ್ತಿರ ಬರುತ್ತಾರೆ.

2023ರ ಜುಲೈ. ಆ ತಿಂಗಳು ಟೊಮೆಟೊಗೆ ಬಂಗಾರದ ರೇಟು. ನಮ್ಮ ಎಪಿಎಂಸಿಯಲ್ಲಿ 15 ಕೆಜಿ ಬಾಕ್ಸ್ 2,000 ರೂಪಾಯಿ ದಾಟಿತ್ತು. ರೈತರು ರಾತ್ರಿ ಟಾರ್ಚ್ ಹಿಡಿದು ತೋಟ ಕಾಯುತ್ತಿದ್ದರು. ಮಂಡಿಯಲ್ಲಿ ಬಾಕ್ಸ್ ಹೊರುವ ಹುಡುಗರ ಜೇಬಲ್ಲೂ ನಾಲ್ಕು ಕಾಸು ಆಡುತ್ತಿತ್ತು. ಒಂದು ರಾತ್ರಿ ಎಂಟೂವರೆಗೆ ಮೂರು ಬೈಕಲ್ಲಿ ಆರು ಜನ ಬಂದರು.

"ಅಣ್ಣಾ, ನಾಳಿದ್ದು ನಮ್ ಬಾಸ್ ಬರ್ತ್‌ಡೇ. ಹನ್ನೆರಡಕ್ಕೆ ಹತ್ತು. ಗುಮ್ ಅಂತಿರ್ಬೇಕು."

ಬಾಸ್ ಅಲ್ಲೇ ನಿಂತಿದ್ದ. ನಾಳಿದ್ದಿಗೆ ಇಪ್ಪತ್ತೊಂದು. ಕೆನ್ನೆ ತುಂಬ ಮೊಡವೆ. ಕ್ರೇಟ್ ಹಿಡಿದು ಹಿಡಿದು ಅಂಗೈ ಚರ್ಮ ಒಣಗಿದ ಹಲಸಿನ ಸಿಪ್ಪೆ ಥರ ಆಗಿತ್ತು. ಒಂದು ಮಾತೂ ಆಡಲಿಲ್ಲ. ಬಾಸ್ ಆದವನು ಮಾತಾಡಬಾರದು, ಪಕ್ಕದವನು ಮಾತಾಡಬೇಕು. ಇದೂ ಪಿಚ್ಚರ್‌ನದ್ದೇ. ನಮ್ಮ ಮಂಡಿ ಮೇಸ್ತ್ರಿಗಳು ಕೂಲಿ ಹುಡುಗರ ಮೇಲೆ ಬೆಳಗ್ಗೆ ನಾಲ್ಕಕ್ಕೆ ಶುರು ಮಾಡಿದರೆ ಹನ್ನೊಂದರವರೆಗೆ ಬಾಯಿ ಮುಚ್ಚೋದಿಲ್ಲ. ಅವರ ಮಾತೇ ಮೊದಲು ನಡೆಯೋದು.

ವಾಟ್ಸಾಪ್‌ನಲ್ಲಿ ಒಂದು ಸೆಲ್ಫಿ ಕಳಿಸಿದರು. ಎದೆಮಟ್ಟದ್ದು, ಅದೂ ಮಬ್ಬು. ಅದರಿಂದ ಹತ್ತಡಿ ಎತ್ತರದ ಮನುಷ್ಯನನ್ನು ಎಬ್ಬಿಸಬೇಕು. ಇದರ ಗುಟ್ಟು ಏನೂ ಇಲ್ಲ. ಹೊಸ ಸಿನಿಮಾದ ಪೋಸ್ಟರ್ ಇಳಿಸಿಕೊಳ್ಳೋದು, ಹೀರೋ ಕತ್ತಿನ ಹತ್ತಿರ ಕತ್ತರಿಸೋದು, ಗಿರಾಕಿಯ ತಲೆ ಕೂರಿಸೋದು. ಕತ್ತಿನ ಬಣ್ಣ ಹೊಂದಿಸೋದಕ್ಕೆ ಇಪ್ಪತ್ತು ನಿಮಿಷ. ತಲೆ ಇವನದು, ಮೈ ಹೀರೋದು. ಕೋಲಾರದಲ್ಲಿ ಮೂರು ಭಾಷೆಯ ಪಿಚ್ಚರ್ ಓಡುತ್ತದೆ. ಹಾಗಾಗಿ ಮೈಗೆ ಬರ ಇಲ್ಲ. ಕನ್ನಡದ ಮೈ ಬೇಕಾ, ತೆಲುಗು ಮೈ ಬೇಕಾ, ತಮಿಳು ಮೈ ಬೇಕಾ ಅಂತ ನಾನೇ ಕೇಳುತ್ತೀನಿ.

ರಕ್ತದ ಬಗ್ಗೆ ಒಂದು ಮಾತು. ಸ್ಕ್ರೀನ್ ಮೇಲೆ ಚೆನ್ನಾಗಿ ಕಾಣುವ ಕೆಂಪು ಹಾಗೇ ಪ್ರಿಂಟ್‌ಗೆ ಕೊಟ್ಟರೆ ಫ್ಲೆಕ್ಸ್ ಮೇಲೆ ಇಟ್ಟಿಗೆ ಬಣ್ಣ ಬರುತ್ತದೆ. ಮಜೆಂಟಾ ನೂರು, ಹಳದಿ ನೂರು ಹಾಕಿದರೆ ಕುಂಕುಮ. ಅದಕ್ಕೆ ಕಪ್ಪು ನಲವತ್ತು ಬೆರೆಸಿದರೆ ರಕ್ತ. ಬಿಸಿಲಿಗೆ ನಾಲ್ಕು ದಿನ ಇದ್ದರೆ ಹಳದಿ ಮೊದಲು ಹೋಗುತ್ತದೆ, ಆಗ ಅದು ಬೀಟ್‌ರೂಟ್ ಪಲ್ಯದ ಬಣ್ಣ. ಹದಿನಾಲ್ಕು ವರ್ಷದಲ್ಲಿ ನಾನು ಕಲಿತ ವಿದ್ಯೆ ಇದು.

"ಬಲಗೈಲಿ ಲಾಂಗ್ ಇಡಣ್ಣಾ."

"ಲಾಂಗ್ ಇಡಲ್ಲ ಕಣಪ್ಪಾ. ಪೊಲೀಸ್ನೋರು ಮಷೀನ್ ಎತ್ಕೊಂಡೋಗ್ತಾರೆ."

ಹತ್ತು ನಿಮಿಷ ಎಳೆದಾಡಿದರು. ಕೊನೆಗೆ ನಾನೇ ಒಂದು ದಾರಿ ಹುಡುಕಿದೆ. ಹಿಂದೆ ಒಂದು ಗೋಡೆ ಹಾಕಿದೆ. ಗೋಡೆ ಮೇಲೆ ಅವನ ನೆರಳು. ಅವನ ಕೈ ಖಾಲಿ, ನೆರಳಿನ ಕೈಯಲ್ಲಿ ಲಾಂಗ್. ಹುಡುಗರು ಕುಣಿದುಬಿಟ್ಟರು. ನಿಜ ಹೇಳಬೇಕು ಅಂದರೆ ನನಗೂ ಖುಷಿಯಾಯಿತು. ವರ್ಷಕ್ಕೆ ಒಂದೋ ಎರಡೋ ಅಂಥ ಡಿಸೈನ್ ಕೈಗೆ ಬರುತ್ತದೆ. ಕೆಳಗೆ ದಪ್ಪ ಅಕ್ಷರದಲ್ಲಿ ಅವರು ಹೇಳಿದ ಸಾಲು ಹಾಕಿದೆ: 'ಕೋಲಾರಕ್ಕೆ ಒಬ್ಬನೇ'. ಇನ್ನೂ ಕೆಳಗೆ, ಬಲಮೂಲೆಯಲ್ಲಿ, ಸಣ್ಣದಾಗಿ ನನ್ನ ಅಂಗಡಿ ಹೆಸರು, ಫೋನ್ ನಂಬರ್.

ನಮ್ಮಪ್ಪ ಬೋರ್ಡ್ ಬರೆಯುತ್ತಿದ್ದರು. ಬ್ರಷ್ಷು, ಎನಾಮಲ್ ಡಬ್ಬಿ, ಸೀಮೆಸುಣ್ಣದ ದಾರ. ಕಿರಾಣಿ ಅಂಗಡಿ, ಸಹಕಾರ ಸಂಘ, ಲಾರಿ ಹಿಂದಿನ 'ಹಾರ್ನ್ ಮಾಡಿ', ಎಲ್ಲ ಅವರದೇ ಕೈ. ಟಾಕೀಸಿನವರು ಕರೆದರೆ ಪಿಚ್ಚರ್ ಹೆಸರೂ ಬರೆಯುತ್ತಿದ್ದರು. 1995ರಲ್ಲಿ 'ಓಂ' ಬಂತು. ಉಪೇಂದ್ರ ನಿರ್ದೇಶನ, ಶಿವರಾಜ್‌ಕುಮಾರ್ ಹೀರೋ. ನನಗೆ ಹದಿನಾಲ್ಕು. ಅಪ್ಪ ಬೋರ್ಡ್ ಬರೆದ ಲೆಕ್ಕದಲ್ಲಿ ನಮಗೆ ಟಿಕೆಟ್ ಫ್ರೀ. ಆ ಪಿಚ್ಚರ್‌ನಲ್ಲಿ ಬೆಂಗಳೂರಿನ ನಿಜವಾದ ರೌಡಿಗಳನ್ನೇ ಕರೆಸಿ ಪಾತ್ರ ಕೊಟ್ಟಿದ್ದರು. ನನಗದು ಗೊತ್ತಿರಲಿಲ್ಲ. ಅಪ್ಪ ಮಾತ್ರ ಪರದೆ ಕಡೆ ತೋರಿಸಿ, "ಅವನ ಕಣ್ಣು ನೋಡೋ, ಅದು ಆ್ಯಕ್ಟಿಂಗ್ ಅಲ್ಲ" ಅಂದರು.

ಅದಕ್ಕೂ ಮುಂಚೆ ನಮ್ಮ ಬೀದಿಯಲ್ಲಿ 'ಲಾಂಗ್' ಅನ್ನೋ ಮಾತೇ ಇರಲಿಲ್ಲ. ಮಚ್ಚು ಇತ್ತು. ಎಳನೀರು ಕೊಚ್ಚೋಕೆ, ಬೇಲಿ ಸವರೋಕೆ, ಊರಬ್ಬದಲ್ಲಿ ಕುರಿ ಕಡಿಯೋಕೆ. ಓಂ ಬಂದ ಮೇಲೆ ಅದೇ ಮಚ್ಚು ಎರಡಡಿ ಉದ್ದ ಆಯಿತು, ಇಂಗ್ಲಿಷ್ ಹೆಸರು ಬಂತು, ಬೆನ್ನಿನ ಹಿಂದೆ ಅಂಗಿಯೊಳಗೆ ಹೋಯಿತು. ಆ ಪಿಚ್ಚರ್ ಕೊನೆಯಲ್ಲಿ ರೌಡಿಸಂ ಬೇಡ ಅಂತಲೇ ಹೇಳುತ್ತದೆ. ನಮ್ಮ ಬೀದಿಯಲ್ಲಿ ಅದನ್ನು ಎಂಟೆಂಟು ಸಲ ನೋಡಿದವರಿದ್ದರು. ಅವರಲ್ಲಿ ಯಾರೂ ಆ ಭಾಗ ಅಭಿನಯಿಸಿ ತೋರಿಸಿದ್ದು ನಾನು ಕಂಡಿಲ್ಲ.

ನಿಜವಾದವರನ್ನು ಪರದೆಗೆ ತರುವುದನ್ನು ಅಮೆರಿಕದವರು ಅದಕ್ಕೂ ಇಪ್ಪತ್ತಮೂರು ವರ್ಷ ಮುಂಚೆ ಮಾಡಿದ್ದರು. 1972ರ 'ಗಾಡ್‌ಫಾದರ್'ನಲ್ಲಿ ಲೂಕಾ ಬ್ರಾಸಿ ಅಂತ ಒಬ್ಬ ಆನೆಯಂಥ ಹಂತಕ ಬರುತ್ತಾನೆ. ಆ ಪಾತ್ರ ಮಾಡಿದ ಲೆನ್ನಿ ಮೊಂಟಾನಾ ಮೊದಲು ಕುಸ್ತಿಪಟು, ಆಮೇಲೆ ನ್ಯೂಯಾರ್ಕಿನ ಕೊಲಂಬೊ ಮಾಫಿಯಾ ಗುಂಪಿಗೆ ದುಡಿದವನು. ಅಂಥವನು ಡಾನ್ ಪಾತ್ರ ಮಾಡುತ್ತಿದ್ದ ಮರ್ಲನ್ ಬ್ರಾಂಡೊ ಎದುರಿಗೆ ನಿಂತಾಗ ನಡುಗಿಹೋದ. ಮಾತು ತೊದಲಿತು. ನಿರ್ದೇಶಕ ಕೊಪ್ಪೊಲಾ ಆ ತೊದಲನ್ನು ಹಾಗೇ ಇಟ್ಟುಕೊಂಡ. ಅದಕ್ಕೆ ಕಾರಣ ಇರಲಿ ಅಂತ, ಆತ ಮೂಲೆಯಲ್ಲಿ ಕೂತು ಹೇಳಬೇಕಾದ ಮಾತನ್ನು ಬಾಯಿಪಾಠ ಮಾಡುವ ಇನ್ನೊಂದು ದೃಶ್ಯ ಸೇರಿಸಿದ. ನಿಜವಾದ ಮಾಫಿಯಾದವನು ಸುಳ್ಳು ಡಾನ್‌ಗೆ ಹೆದರಿದ್ದು! ಈ ಒಂದು ವಿಷಯಕ್ಕೋಸ್ಕರ ಆ ಪಿಚ್ಚರನ್ನು ಇನ್ನೊಂದ್ಸಲ ನೋಡಿದೆ.

ಆ ಕಥೆ ಬರೆದ ಮಾರಿಯೋ ಪೂಜೋ, ಬರೆಯುವವರೆಗೂ ಒಬ್ಬ ನಿಜವಾದ ಗ್ಯಾಂಗ್‌ಸ್ಟರ್ ಮುಖವನ್ನೂ ನೋಡಿರಲಿಲ್ಲ ಅಂತ ತಾನೇ ಹೇಳಿಕೊಂಡಿದ್ದಾನೆ. ಬರೀ ಓದಿ ಬರೆದದ್ದು. ಆದರೂ ಸ್ಯಾಮಿ ಗ್ರವಾನೊ ಅನ್ನೋ ಮಾಫಿಯಾದವನು ಆ ಪಿಚ್ಚರ್ ನೋಡಿ, ಇದು ನಮ್ಮದೇ ಜೀವನ ಅಂತ ಬೆರಗಾಗಿ ಥಿಯೇಟರಿನಿಂದ ಹೊರಗೆ ಬಂದನಂತೆ. ಈತ ಮುಂದೆ ಸರ್ಕಾರಿ ಸಾಕ್ಷಿಯಾಗಿ 19 ಕೊಲೆಗಳಲ್ಲಿ ಕೈ ಇದ್ದದ್ದನ್ನು ಒಪ್ಪಿಕೊಂಡವನು. ಯೋಚನೆ ಮಾಡಿ. ಕೊಲೆ ಮಾಡುವವನಿಗೂ, ತಾನು ಮಾಡುತ್ತಿರೋದಕ್ಕೆ ಒಂದು ಗತ್ತಿದೆ ಅಂತ ಹೇಳೋಕೆ ಮನೆಯಲ್ಲಿ ಕೂತು ಟೈಪ್ ಮಾಡುವ ಒಬ್ಬ ಲೇಖಕ ಬೇಕಾಯಿತು.

ನಮ್ಮ ಬಾಸ್ ಬರ್ತ್‌ಡೇಗೆ ಬರುತ್ತೀನಿ.

ಫ್ಲೆಕ್ಸ್ ಕಟ್ಟಿದರು. ಅದರ ಮುಂದೆ ಬೈಕ್ ಮೇಲೆ ಕೇಕ್ ಇಟ್ಟು, ಲಾಂಗ್‌ನಲ್ಲಿ ಕಟ್ ಮಾಡಿದರು. ರೀಲ್ಸ್ ಹಾಕಿದರು. ಇಷ್ಟಕ್ಕೇ ಆಯುಧ ಕಾಯ್ದೆಯಲ್ಲಿ ಕೇಸ್ ಆಗುತ್ತದೆ. ಬೇರೆ ಊರುಗಳಲ್ಲಿ ಕೇಕ್ ಕಟ್ ಮಾಡಿದ ಬರ್ತ್‌ಡೇ ಬಾಯ್‌ಗಳು ಮಾರನೇ ದಿನ ಸ್ಟೇಷನ್‌ನಲ್ಲಿ ಕೈಕಟ್ಟಿ ನಿಂತ ಫೋಟೋ ಪೇಪರ್‌ನಲ್ಲಿ ಎಷ್ಟು ಸಲ ನೋಡಿಲ್ಲ. ಆದರೆ ಇಲ್ಲಿ ಎಡವಟ್ಟಾಗಿದ್ದು ಲಾಂಗ್‌ನಿಂದ ಅಲ್ಲ, ಆ ಸಾಲಿನಿಂದ. 'ಕೋಲಾರಕ್ಕೆ ಒಬ್ಬನೇ' ಅಂದರೆ ಇನ್ನೊಬ್ಬ ಇಲ್ಲ ಅಂತ ಅರ್ಥ ತಾನೇ? ಎರಡು ಬೀದಿ ಆಚೆಗೆ ಇನ್ನೊಬ್ಬ ಇದ್ದ. ಅವನೂ ನನ್ನ ಗಿರಾಕಿಯೇ. ಮಾರ್ಚ್‌ನಲ್ಲಿ ಅವನ ಫ್ಲೆಕ್ಸ್ ಮಾಡಿದ್ದೆ. ಅವನಿಗೆ ಹಾಕಿದ್ದ ಸಾಲು 'ಒಂಟಿ ಸಲಗ'.

ಮೂರನೇ ರಾತ್ರಿ ಯಾರೋ ಫ್ಲೆಕ್ಸನ್ನು ಬ್ಲೇಡ್‌ನಲ್ಲಿ ಸೀಳಿದರು. ಕತ್ತಿನ ಹತ್ತಿರವೇ ಸೀಳಿದ್ದರು, ನಾನು ಅಂಟಿಸಿದ ಜಾಗದಲ್ಲಿ. ನಾಲ್ಕನೇ ದಿನ ಸಂಜೆ ಟೇಕಲ್ ರಸ್ತೆಯ ಕಡೆ ಗಲಾಟೆ.

ಅದಾಗಿ ಎರಡನೇ ದಿನ ಬೆಳಗ್ಗೆ ಅಂಗಡಿಗೆ ಒಬ್ಬ ಕಾನ್‌ಸ್ಟೇಬಲ್ ಬಂದರು. ಮೊಬೈಲ್‌ನಲ್ಲಿ ಫ್ಲೆಕ್ಸಿನ ಫೋಟೋ. ಬಲಮೂಲೆಯನ್ನು ಎರಡು ಬೆರಳಲ್ಲಿ ಹಿಗ್ಗಿಸಿ ತೋರಿಸಿದರು. ನನ್ನ ಅಂಗಡಿ ಹೆಸರು, ಫೋನ್ ನಂಬರ್, ಚೂರೂ ಮಬ್ಬಿಲ್ಲದೆ ಕಾಣುತ್ತಿತ್ತು. "ಕ್ವಾಲಿಟಿ ಚೆನ್ನಾಗಿದೆ" ಅಂದರು. ಸ್ಟೇಷನ್ ಬೆಂಚಿನ ಮೇಲೆ ನಾಲ್ಕು ಗಂಟೆ ಕೂತಿದ್ದೆ. ಯಾರೂ ಹೊಡೆಯಲಿಲ್ಲ, ಬೈಯಲಿಲ್ಲ. "ನೆರಳಲ್ಲಿ ಲಾಂಗ್ ಇಡೋ ಐಡಿಯಾ ಯಾರ್ದು?" ಅಂತ ಒಬ್ಬರು ಕೇಳಿದರು. ನನ್ನದೇ ಅಂದೆ. "ತಲೆ ಇದೆ ನಿಂಗೆ" ಅಂದರು. ಹೊಗಳಿಕೆಯೋ ಏನೋ ಇವತ್ತಿಗೂ ಗೊತ್ತಾಗಿಲ್ಲ. ಹೇಳಿಕೆ ಬರೆಸಿಕೊಂಡು ಕಳಿಸಿದರು.

ಗಲಾಟೆಯಲ್ಲಿ ಎದುರಿನವರು ನಮ್ಮ ಬಾಸ್‌ನ ಮೈ ಮುಟ್ಟಿರಲಿಲ್ಲ. ಇದನ್ನು ಅವನೇ ಆಮೇಲೆ ಹೇಳಿದ್ದು. ಪಿಚ್ಚರ್‌ನಲ್ಲಿ ಎಳೆಯುವ ಹಾಗೆ ಕತ್ತಿನ ಹಿಂದಿನಿಂದ ಲಾಂಗ್ ಎಳೆದಿದ್ದಾನೆ. ಪಿಚ್ಚರ್‌ನದ್ದು ಮೊಂಡು, ಬೆನ್ನಿಗೆ ಸರಿಯಾಗಿ ಕೂರುವ ಹಾಗೆ ಕಟ್ಟಿರುತ್ತಾರೆ, ಸರಿಹೋಗದಿದ್ದರೆ ಒನ್ ಮೋರ್ ಅಂತಾರೆ. ಇವನದ್ದು ಬಟ್ಟೆಯಲ್ಲಿ ಸುತ್ತಿದ್ದು, ಸಾಣೆ ಹಿಡಿಸಿದ್ದು. ಬಟ್ಟೆ ಅಂಗಿಗೆ ಸಿಕ್ಕಿಕೊಂಡಿದೆ. ಬಲಗೈ ಸಾಲದು ಅಂತ ಎಡಗೈ ಹಾಕಿ ಅಲಗನ್ನೇ ಹಿಡಿದಿದ್ದಾನೆ. ಕಿರುಬೆರಳು, ಉಂಗುರ ಬೆರಳು, ಎರಡರ ನರವೂ ಕಟ್ಟಾಯಿತು. ರಕ್ತ ನೋಡಿ ಎರಡೂ ಕಡೆಯವರು ಓಡಿಹೋದರು. ಆಸ್ಪತ್ರೆಗೆ ಸೇರಿಸಿದ್ದು ಹತ್ತಿರದಲ್ಲಿ ಎಗ್ ರೈಸ್ ಗಾಡಿ ಇಟ್ಟಿರುವ ಹೆಂಗಸು.

ಇದನ್ನು ಮೇಷ್ಟ್ರಿಗೆ ಹೇಳಿದಾಗ ಅವನು ರಾಬರ್ಟೊ ಸವಿಯಾನೊ ಬರೆದ 'ಗೊಮೊರ್ರಾ' ತಂದುಕೊಟ್ಟ. ಇಟಲಿಯ ನೇಪಲ್ಸ್ ಕಡೆಯ ಕಮೊರ್ರಾ ಅನ್ನೋ ಮಾಫಿಯಾ ಗುಂಪುಗಳ ಬಗ್ಗೆ 2006ರಲ್ಲಿ ಬಂದ ಪುಸ್ತಕ. ಅದನ್ನು ಬರೆದ ತಪ್ಪಿಗೆ ಲೇಖಕ ಆ ವರ್ಷದಿಂದ ಪೊಲೀಸ್ ಕಾವಲಿನಲ್ಲಿ ಬದುಕುತ್ತಿದ್ದಾನೆ. ಅಲ್ಲಿನ ಹುಡುಗರು ಹಾಲಿವುಡ್ ನಿರ್ದೇಶಕ ಟ್ಯಾರಂಟಿನೊ ಪಿಚ್ಚರ್‌ಗಳನ್ನು ನೋಡಿ ಪಿಸ್ತೂಲನ್ನು ನೆಟ್ಟಗೆ ಹಿಡಿಯೋದು ಬಿಟ್ಟು ಅಡ್ಡಡ್ಡ ಹಿಡಿಯೋಕೆ ಶುರು ಮಾಡಿದರಂತೆ. ಹಾಗೆ ಹಿಡಿದರೆ ಗುರಿ ಕೂರೋದಿಲ್ಲ. ಒಂದು ಗುಂಡಿಗೆ ಸಾಯಬೇಕಾದವನಿಗೆ ಹೊಟ್ಟೆ, ಕಾಲು, ತೊಡೆ ಅಂತ ಎಲ್ಲೆಲ್ಲೋ ಬಿದ್ದು ಒದ್ದಾಡೋ ಸ್ಥಿತಿ. ಓದುವಾಗ ನನಗೆ ಟೇಕಲ್ ರಸ್ತೆಯೇ ಕಣ್ಣಮುಂದೆ ಬಂತು.

ಅದೇ ಪುಸ್ತಕದಲ್ಲಿ ಕಸಾಲ್ ದಿ ಪ್ರಿನ್ಸಿಪೆ ಅನ್ನೋ ಊರು ಬರುತ್ತದೆ. ಅಲ್ಲಿನ ವಾಲ್ಟರ್ ಸ್ಕಿಯಾವೋನೆ ಅನ್ನುವವನು 'ಸ್ಕಾರ್‌ಫೇಸ್' ಪಿಚ್ಚರ್‌ನ ಕ್ಯಾಸೆಟ್ಟನ್ನೇ ಆರ್ಕಿಟೆಕ್ಟ್ ಕೈಗೆ ಕೊಟ್ಟು, ಇದರಲ್ಲಿರೋ ಹಾಗೆ ಮನೆ ಕಟ್ಟು ಅಂದನಂತೆ. ಕಟ್ಟಿದರು. ಕಂಬ, ಎರಡು ಕಡೆ ಇಳಿಯುವ ಮೆಟ್ಟಿಲು, ಎಲ್ಲ. ಆ ಪಿಚ್ಚರ್‌ನಲ್ಲಿ ಹೀರೋನನ್ನು ಅದೇ ಮನೆಯ ಮೆಟ್ಟಿಲ ಹತ್ತಿರ ಗುಂಡಿಟ್ಟು ಸಾಯಿಸುತ್ತಾರೆ. ಆ ಭಾಗ ಬರುವಷ್ಟರಲ್ಲಿ ವಾಲ್ಟರ್ ಕ್ಯಾಸೆಟ್ ನಿಲ್ಲಿಸಿರಬೇಕು. ಅವನ ಅಣ್ಣ ಫ್ರಾಂಚೆಸ್ಕೊ ಆ ಕಡೆಯ ದೊಡ್ಡ ಡಾನ್, ಅಡ್ಡಹೆಸರು 'ಸಾಂಡೋಕಾನ್'. ಯಾಕೆ ಗೊತ್ತಾ? 1976ರಲ್ಲಿ ಇಟಲಿ ಟಿವಿಯಲ್ಲಿ ಬಂದ ಧಾರಾವಾಹಿಯ ಕಡಲ್ಗಳ್ಳ ಹೀರೋ ಥರ ಗಡ್ಡ ಇತ್ತು ಅಂತ. ಆ ಹೀರೋ ಪಾತ್ರ ಮಾಡಿದವರು ನಮ್ಮ ಕಬೀರ್ ಬೇಡಿ. ಇಟಲಿಯ ಡಾನ್‌ನ ತಲೆಗೂ ನಮ್ಮ ದೇಶದ ಮೈ!

ನನ್ನ ಅಂಗಡಿಗೆ ಒಬ್ಬ ಹಿರಿಯರು ಬರುತ್ತಾರೆ. ವಯಸ್ಸು ಅರವತ್ತರ ಮೇಲೆ. ಒಂದು ಕಾಲದಲ್ಲಿ ಈ ಭಾಗದಲ್ಲಿ ಅವರ ಹೆಸರು ಹೇಳಿದರೆ ಶಟರ್ ಎಳೆಯುತ್ತಿದ್ದರು. ಈಗ ಮಂಡಿ ನೋವು, ಶುಗರ್. ಅಪ್ಪನ ಕಾಲದಿಂದ ಪರಿಚಯ. ನನ್ನನ್ನು "ಪೇಂಟ್ರು ಮಗಾ" ಅಂತಲೇ ಕರೆಯೋದು. ಸ್ಟೇಷನ್ ಬೆಂಚಿನ ಕಥೆ ಕೇಳಿ ತುಂಬಾ ನಕ್ಕರು.

"ಪಿಚ್ಚರಲ್ಲಿ ಇಂಟರ್‌ವಲ್ ಆಯ್ತದೆ, ಬೆಲ್ ಹೊಡೆಯೋಷ್ಟರಲ್ಲಿ ಹೀರೋ ಜೈಲಿಂದ ಆಚೆಗ್ ಬಂದಿರ್ತಾನೆ. ನಮ್ಗೆ ಇಂಟರ್‌ವಲ್ಲೇ ಏಳ್ ವರ್ಷ ಕಣಪ್ಪಾ."

ಅವರು ಹೇಳುವ ರೌಡಿ ಜೀವನ ಅಂದರೆ ಬರೀ ಕಾಯೋದು. ಕೋರ್ಟಿನ ಡೇಟ್‌ಗೆ ಕಾಯೋದು, ವಕೀಲರಿಗೆ ಕಾಯೋದು. ಎಲೆಕ್ಷನ್ ಬಂದರೆ, ಗಣೇಶನ ಹಬ್ಬ ಬಂದರೆ ರೌಡಿ ಶೀಟ್ ಇರುವವರನ್ನೆಲ್ಲ ಕರೆಸಿ ಪರೇಡ್. ತಹಶೀಲ್ದಾರರ ಮುಂದೆ ಮುಚ್ಚಳಿಕೆ ಬರೆದುಕೊಡಬೇಕು. ಮಗನ ವಯಸ್ಸಿನ ಎಸ್‌ಐ "ಏಯ್, ಕೂದಲು ಕಟ್ ಮಾಡ್ಸೋ" ಅಂದರೆ ಕಟ್ ಮಾಡಿಸಬೇಕು. ಮಗಳಿಗೆ ಗಂಡು ನೋಡುವಾಗ ಬಂದವರು ಕಾಫಿ ಕುಡಿದು ಹೋಗಿ ಫೋನ್ ಮಾಡೋದೇ ಇಲ್ಲ. ಇದನ್ನೆಲ್ಲ ತೋರಿಸಿದರೆ ಪಿಚ್ಚರ್ ಎರಡು ದಿನ ಓಡಲ್ಲ ಅಂತ ಅವರೇ ಹೇಳುತ್ತಾರೆ.

"ಹಂಗಾದ್ರೆ ನೀವು ಪಿಚ್ಚರ್ ನೋಡಿ ಏನೂ ಕಲೀಲಿಲ್ವಾ?" ಅಂತ ಕೇಳಿದೆ.

ಸ್ವಲ್ಪ ಹೊತ್ತು ಸುಮ್ಮನಿದ್ದರು. "ಕಲ್ತೆ. ನಡೆಯೋದು ಕಲ್ತೆ. ಮೊದ್ಲು ಬಿರಬಿರನೆ ನಡೀತಿದ್ದೆ. ಓಂ ನೋಡಿದ್ಮೇಲೆ ನಿಧಾನಕ್ ನಡೆಯಾಕ್ ಶುರು ಮಾಡ್ದೆ. ಬೇಗ ನಡೆಯೋನ್ಗೆ ಯಾರೂ ಹೆದ್ರಲ್ಲ ಕಣೋ, ಏನೋ ಅರ್ಜೆಂಟ್ ಕೆಲ್ಸ ಐತೆ ಅಂತಾರೆ."

ಆಮೇಲೆ ಹೇಳಿದ ಮಾತು ನನಗೆ ಯಾವ ಪುಸ್ತಕದಲ್ಲೂ ಇಷ್ಟು ಸಲೀಸಾಗಿ ಸಿಕ್ಕಿಲ್ಲ. "ನೂರು ಅಂಗ್ಡಿ ಐತೆ ಅನ್ಕೋ. ನೂರ್ ಕಡೆನೂ ಹೊಡ್ದು ಹಫ್ತಾ ಎತ್ತಾಕಾಯ್ತದಾ? ಕೈ ನೋಯ್ತದೆ, ಕೇಸಾಯ್ತದೆ. ಒಂದ್ ಕಡೆ ಹೊಡೀಬೇಕು, ತೊಂಬತ್ತೊಂಬತ್ತು ಕಡೆ ಹೆದ್ರಬೇಕು. ಅದಕ್ಕೇ ಹವಾ ಅನ್ನೋದು. ನಮ್ಗೆ ಆ ಹವಾ ಬರಾಕೆ ಹತ್ತು ವರ್ಷ ಹಿಡೀತು. ಈ ನನ್ಮಕ್ಳು ನಿನ್ನತ್ರ ಒಂದ್ ರಾತ್ರೀಲಿ ಹೊಡಿಸ್ಕೊಂಡೋಯ್ತಾರೆ."

ಡಿಯೆಗೊ ಗ್ಯಾಂಬೆಟ್ಟಾ ಅಂತ ಇಟಲಿಯ ಸಮಾಜಶಾಸ್ತ್ರದ ಪ್ರೊಫೆಸರ್ ಒಬ್ಬರು ಮಾಫಿಯಾ ಬಗ್ಗೆ ತುಂಬಾ ಕೆಲಸ ಮಾಡಿದ್ದಾರೆ. ಅವರು 2009ರ ಪುಸ್ತಕದಲ್ಲಿ ಹೇಳೋದೂ ಹೆಚ್ಚು ಕಮ್ಮಿ ಇದೇ. ಸೋಪಿನ ಕಂಪನಿ ಥರ ಮಾಫಿಯಾ ಟಿವಿಯಲ್ಲಿ ಜಾಹೀರಾತು ಕೊಡೋ ಹಾಗಿಲ್ಲ. ಸಿನಿಮಾ ಆ ಜಾಹೀರಾತನ್ನು ಪುಕ್ಕಟೆ ಮಾಡಿಕೊಡುತ್ತದೆ. ಗಿರಾಕಿಗಳೂ ಅದೇ ಪಿಚ್ಚರ್ ನೋಡಿರುತ್ತಾರಲ್ಲ. ಕಪ್ಪು ಕನ್ನಡಕ, ಮೆಲ್ಲಗಿನ ಮಾತು ಕಂಡ ತಕ್ಷಣ ಮಿಕ್ಕ ಕಥೆಯನ್ನು ಅವರೇ ತುಂಬಿಕೊಳ್ಳುತ್ತಾರೆ. ಹೆದರಿಸೋ ಕೆಲಸ ಅರ್ಧ ಮುಗಿದ ಹಾಗೆ.

ಕೋಲಾರದವನಾಗಿ ಕೆಜಿಎಫ್ ಬಗ್ಗೆ ಹೇಳದೆ ಬಿಟ್ಟರೆ ನೀವು ಕಾಮೆಂಟಲ್ಲಿ ಕೇಳೇ ಕೇಳ್ತೀರ. ಹೇಳಿಬಿಡುತ್ತೀನಿ. ನನ್ನ ಹೆಂಡತಿಯ ತಾತ ಚಾಂಪಿಯನ್ ರೀಫ್ ಗಣಿಯಲ್ಲಿ ಇಳಿದವರು. ಮೂರು ಕಿಲೋಮೀಟರ್‌ಗೂ ಹೆಚ್ಚು ಆಳದ ಗಣಿ ಅದು. ಕಲ್ಲಿನ ಧೂಳು ಕುಡಿದು ಸಿಲಿಕೋಸಿಸ್ ಬಂತು, ಕೊನೆಗೆ ಹತ್ತು ಹೆಜ್ಜೆಗೆ ಒಂದ್ಸಲ ಕೂರುತ್ತಿದ್ದರಂತೆ. ಅಲ್ಲಿ ಜನರನ್ನು ದುಡಿಸಿದ್ದು ಯಾವ ಡಾನೂ ಅಲ್ಲ. 1880ರಿಂದ ಜಾನ್ ಟೇಲರ್ ಕಂಪನಿ, 1956ರಿಂದ ಸರ್ಕಾರ. 2001ರ ಫೆಬ್ರವರಿ 28ಕ್ಕೆ ಬೀಗ. ಈಗ ಬೆಂಗಳೂರಿನಿಂದ ಬೈಕ್‌ನಲ್ಲಿ 'ಕೆಜಿಎಫ್' ಪಿಚ್ಚರ್‌ನಲ್ಲಿ ಬರುವ 'ನರಾಚಿ' ಗಣಿ ಹುಡುಕಿಕೊಂಡು ಹುಡುಗರು ಬರುತ್ತಾರೆ. ಗಣಿ ತ್ಯಾಜ್ಯದ ಸೈನೈಡ್ ದಿಬ್ಬದ ಮೇಲೆ ನಿಂತು ಪೋಸ್ ಕೊಡುತ್ತಾರೆ. ಒಂದ್ಸಲ ಅಂಗಡಿಗೆ ಬಂದು ಆ ಪಿಚ್ಚರ್‌ನ ಹೀರೋ ರಾಕಿ ಭಾಯ್ ಊರು ಯಾವ ಕಡೆ ಅಂತ ಕೇಳಿದವರೂ ಇದ್ದಾರೆ. ಪಿಚ್ಚರನ್ನು ನಾನು ಬೈಯಲ್ಲ. ಎರಡೂ ಭಾಗಕ್ಕೆ ಶಿಳ್ಳೆ ಹೊಡೆದಿದ್ದೀನಿ. ಆದರೆ 2022ರಲ್ಲಿ ಮಧ್ಯಪ್ರದೇಶದ ಸಾಗರದಲ್ಲಿ ರಾತ್ರಿ ಮಲಗಿದ್ದ ವಾಚ್‌ಮನ್‌ಗಳ ತಲೆ ಜಜ್ಜಿ ಕೊಂದ ಹತ್ತೊಂಬತ್ತರ ಹುಡುಗ, ಆ ಪಿಚ್ಚರ್ ನೋಡಿ ಹೆಸರು ಮಾಡಬೇಕು ಅನ್ನಿಸಿತು ಅಂತ ಪೊಲೀಸರಿಗೆ ಹೇಳಿದನಂತೆ. ಪೇಪರ್‌ನಲ್ಲಿ ನಮ್ಮ ಜಿಲ್ಲೆಯ ಊರಿನ ಹೆಸರು ಆ ಸುದ್ದಿಯ ಹೆಡ್ಡಿಂಗ್‌ನಲ್ಲಿ ನೋಡಿ ಒಂಥರಾ ಆಯಿತು. ಅವನಿಗೆ ಗ್ಯಾಂಗ್ ಇರಲಿಲ್ಲ. ಬೇಕಾಗಿದ್ದು ಹವಾ.

ಮೇಷ್ಟ್ರಿಗೆ ನಾನು ಹೇಳದೇ ಇದ್ದ ವಿಷಯ ಒಂದಿದೆ. ಹದಿನಾಲ್ಕು ವರ್ಷದಲ್ಲಿ, ನಿಜವಾಗಿ ದುಡ್ಡು ಮಾಡಿದ ಒಬ್ಬನೇ ಒಬ್ಬನೂ ನನ್ನ ಹತ್ತಿರ ರಗಡ್ ಫೋಲ್ಡರ್ ತೆಗೆಸಿಲ್ಲ. ಮೀಟರ್ ಬಡ್ಡಿ ನಡೆಸುವವರು, ಕೆರೆ ಮರಳು ಎತ್ತುವವರು, ತಕರಾರಿನ ಸೈಟ್ ಕ್ಲಿಯರ್ ಮಾಡಿಕೊಡುವವರು, ಯಾರ್ಯಾರು ಅಂತ ಊರಿಗೇ ಗೊತ್ತು. ಅವರು ಮಾಡಿಸೋ ಫ್ಲೆಕ್ಸ್ ಬೇರೆ. ಬಿಳಿ ಅಂಗಿ, ಹಣೆಗೆ ಕುಂಕುಮ, ಕೈ ಮುಗಿದ ಫೋಟೋ. 'ಸರ್ವರಿಗೂ ಸುಸ್ವಾಗತ'. 'ಅನ್ನ ಸಂತರ್ಪಣೆ'. ಹಿನ್ನೆಲೆಯಲ್ಲಿ ಅಂತರಗಂಗೆ ಬೆಟ್ಟ, ಇಲ್ಲಾ ಕೋಲಾರಮ್ಮನ ಗೋಪುರ. ಕಪ್ಪು ಬಣ್ಣ ಜಾಸ್ತಿ ಇರಬಾರದು ಅಂತ ಹೇಳಿಯೇ ಮಾಡಿಸುತ್ತಾರೆ.

ಹಾಗಂತ ರಗಡ್ ಹುಡುಗರು ಅವರಿಗೆ ಬೇಡ ಅಂತಲ್ಲ. ಒಂದು ಸೈಟಿಗೆ ಬೇಲಿ ಹಾಕಬೇಕು, ಆಚೆಯವನು ಕೋರ್ಟ್ ಪೇಪರ್ ಹಿಡಿದು ಬಂದಿದ್ದಾನೆ ಅಂದುಕೊಳ್ಳಿ. ಆಗ ಗಡ್ಡ ಬಿಟ್ಟು, ಕಪ್ಪು ಅಂಗಿ ಹಾಕಿ, ಕೈ ಕಟ್ಟಿಕೊಂಡು ನಿಲ್ಲೋಕೆ ನಾಲ್ಕು ಜನ ಬೇಕು. ಏನೂ ಮಾಡಬೇಕಾಗಿಲ್ಲ, ಸುಮ್ನೆ ನಿಲ್ಲಬೇಕು. ತಲೆಗೆ ಐನೂರು ರೂಪಾಯಿ, ಮಧ್ಯಾಹ್ನ ಬಿರಿಯಾನಿ. ಆ ಗಡ್ಡ, ಆ ಅಂಗಿ, ಆ ನಿಲುವು ಪಿಚ್ಚರ್ ಕೊಟ್ಟಿದ್ದು. ಆ ಯೂನಿಫಾರ್ಮಿಗೆ, ಫ್ಲೆಕ್ಸ್‌ನಲ್ಲಿ ಕೈ ಮುಗಿದು ನಿಂತವರು ಮಾಡಿದ ಖರ್ಚು ಸೊನ್ನೆ.

ಹೋದ ವರ್ಷ ಜುಲೈನಲ್ಲಿ ಬಾಸ್ ಮತ್ತೆ ಬಂದ. ಬರ್ತ್‌ಡೇ. ಈ ಸಲ ಒಬ್ಬನೇ, ಸ್ಕೂಟರ್‌ನಲ್ಲಿ. ಬಾಕ್ಸ್ ಹೊರೋದು ಬಿಟ್ಟಿದ್ದ, ಆ ಕೈಯಲ್ಲಿ ಕ್ರೇಟ್ ನಿಲ್ಲೋದಿಲ್ಲ. ಮೊಡವೆ ಹೋಗಿತ್ತು. ಕೇಸ್ ನಡೀತಿದೆ, ಡೇಟ್‌ಗೆ ಹೋಗ್ತಿದ್ದೀನಿ ಅಂದ. "ಈಗೇನ್ ಮಾಡ್ತಿದೀಯಪ್ಪಾ?" ಅಂದೆ. "ಅಣ್ಣನ ಹತ್ರ ಇದೀನಿ. ಸೈಟ್ ವ್ಯವಹಾರ" ಅಂದ. ಯಾವ ಅಣ್ಣ ಅಂತ ಕೇಳಲಿಲ್ಲ. ಆ ಅಣ್ಣನ ಫ್ಲೆಕ್ಸೂ ನಾನೇ ಮಾಡೋದು.

ರಗಡ್ ಫೋಲ್ಡರ್ ತೆಗೆದೆ. "ಅದೆಲ್ಲಾ ಬೇಡಣ್ಣಾ, ಡೀಸೆಂಟಾಗಿರ್ಲಿ. ಐದಕ್ಕೆ ನಾಲ್ಕು ಸಾಕು" ಅಂದ. ಮೊಬೈಲ್‌ನಿಂದ ಫೋಟೋ ಕಳಿಸಿದ. ಸ್ಟುಡಿಯೋದಲ್ಲಿ ತೆಗೆಸಿದ್ದು. ಬಿಳಿ ಅಂಗಿ, ಹಣೆಗೆ ಕುಂಕುಮ, ಕೈ ಮುಗಿದಿದ್ದಾನೆ. ಜೂಮ್ ಮಾಡಿದೆ. ಬಲಗೈ ಬೆರಳು ಐದೂ ನೆಟ್ಟಗೆ. ಎಡಗೈಯಲ್ಲಿ ಕೊನೆಯ ಎರಡು ಬೆರಳು ಒಳಗೆ ಮಡಚಿಕೊಂಡಿವೆ, ನೆಟ್ಟಗಾಗಲ್ಲ. ಎರಡು ಅಂಗೈ ನಡುವೆ ಸಂದು ಕಾಣುತ್ತಿತ್ತು.

"ಅದೊಂದು ಸರಿ ಮಾಡ್ಬಿಡಣ್ಣಾ" ಅಂದ, ಮೆಲ್ಲಗೆ.

ಹಳೇ ಫೈಲ್‌ಗಳಲ್ಲಿ ಹುಡುಕಿದೆ. ಅವನ ಅಣ್ಣನ ಅನ್ನ ಸಂತರ್ಪಣೆ ಫ್ಲೆಕ್ಸ್ ಸಿಕ್ಕಿತು. ಕೈ ಚೆನ್ನಾಗಿ ಬಂದಿತ್ತು, ಬೆಳಕೂ ಅದೇ ಕಡೆಯಿಂದ. ಮಣಿಕಟ್ಟಿನ ಹತ್ತಿರ ಕತ್ತರಿಸಿ, ಬಣ್ಣ ಹೊಂದಿಸಿ ಕೂರಿಸಿದೆ. ಇಪ್ಪತ್ತು ನಿಮಿಷ ಹಿಡಿಯಿತು. ಉಂಗುರ ಬೆರಳಲ್ಲಿ ಒಂದು ಪಚ್ಚೆ ಉಂಗುರ ಇತ್ತು. ಅಳಿಸಲಾ ಅಂತ ಕೇಳಿದೆ.

"ಇರ್ಲಿ ಬಿಡಣ್ಣಾ" ಅಂದ.